ಅಪ್ಪ ಬರೆಸಿಕೊಂಡ ಮರುಕ್ರಯ ಕರಾರನ್ನು ಮಕ್ಕಳು ಜಾರಿ ಮಾಡಿಸುವ ಬಗೆ

ರಾಯಚೂರು ಜಿಲ್ಲೆಯ ಸಿಂಧನೂರು, ಕೊಪ್ಪಳದ ಗಂಗಾವತಿ, ಬಳ್ಳಾರಿಯ ಸಿರುಗುಪ್ಪ ಕಡೆ ಈ ವ್ಯವಹಾರ ಹೊಸದೇನಲ್ಲ. ಮಗಳ ಮದುವೆಗೋ ಆಸ್ಪತ್ರೆ ಖರ್ಚಿಗೋ ದುಡ್ಡು ಬೇಕಾದಾಗ ಪರಿಚಯದವರೊಬ್ಬರ ಹೆಸರಿಗೆ ಹೊಲ ರಿಜಿಸ್ಟರ್ ಮಾಡಿಕೊಡುತ್ತಾರೆ. ಇಂತಿಷ್ಟು ವರ್ಷದೊಳಗೆ ಹಣ ಹಿಂದಿರುಗಿಸಿದರೆ ಹೊಲ ವಾಪಸ್ ಬರೆದುಕೊಡುತ್ತೇನೆ ಎಂದು ಕೊಂಡವರು ಅದೇ ದಿನ ಒಂದು ಬಾಂಡ್ ಪೇಪರ್ ಮೇಲೆ ಸಹಿ ಹಾಕುತ್ತಾರೆ. ಮುದ್ದತು ಮುಗಿಯುವ ಮೊದಲೇ ಅಪ್ಪ ತೀರಿಕೊಂಡರೆ, ಮಕ್ಕಳಿಗೆ ಕೇಳಿಬರುವ ಮೊದಲ ಮಾತು: "ಕರಾರು ನಿಮ್ಮ ಅಪ್ಪನ ಜೊತೆ ಆಗಿತ್ತು, ನಿಮ್ಮ ಜೊತೆ ಅಲ್ಲ."

ಈ ಮಾತಿಗೆ ಕಾನೂನಿನಲ್ಲಿ ಬಲವಿಲ್ಲ. ಕರಾರಿನ ಹೊಣೆ ಸತ್ತವರ ವಾರಸುದಾರರ ಮೇಲೂ ಇರುತ್ತದೆ ಎಂದು 1872ರ ಕರಾರು ಕಾಯ್ದೆಯ 37ನೇ ಕಲಂ ಹೇಳುತ್ತದೆ. ಕರಾರಿನ ಲಾಭ ಪಡೆಯಬೇಕಾದವರ ಪರವಾಗಿ ಅವರ ಪ್ರತಿನಿಧಿಗಳು ದಾವೆ ಹೂಡಬಹುದು ಎಂದು 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 15ನೇ ಕಲಂ ಹೇಳುತ್ತದೆ. ಪತ್ರದಲ್ಲಿ "ನನ್ನ ವಾರಸುದಾರರು" ಎಂಬ ಪದ ಇಲ್ಲದಿದ್ದರೂ ಹಕ್ಕು ಹೋಗುವುದಿಲ್ಲ. ಈ ಸವಲತ್ತು ಮಾರಿದವರಿಗೊಬ್ಬರಿಗೇ, ಅವರ ಜೀವಿತಾವಧಿಗಷ್ಟೇ ಎಂದು ಸ್ಪಷ್ಟವಾಗಿ ಬರೆದಿದ್ದರೆ ಮಾತ್ರ ತೊಂದರೆ. ಕೊಂಡವರೇ ತೀರಿಕೊಂಡಿದ್ದರೂ ಅಷ್ಟೇ, ಅವರ ಮಕ್ಕಳು ಹೊಲ ಬರೆದುಕೊಡಲು ಬದ್ಧರು.

ಹಾಗಾಗಿ ಇಂಥ ಪ್ರಕರಣಗಳು "ಹಕ್ಕಿದೆಯೇ" ಎಂಬಲ್ಲಿ ಬೀಳುವುದು ಕಡಿಮೆ. ಬೀಳುವುದು ತಾರೀಖಿನಲ್ಲಿ. ಅಪ್ಪನ ಪೆಟ್ಟಿಗೆಯಲ್ಲಿ ಕರಾರು ಸಿಕ್ಕ ದಿನವೇ ಮೊದಲು ನೋಡಬೇಕಾದದ್ದು ಅದರ ಮುದ್ದತು.

ಒಂದೇ ಪತ್ರವೋ, ಎರಡೋ

ಕ್ರಯಪತ್ರವನ್ನೂ ಕರಾರನ್ನೂ ಪಕ್ಕಪಕ್ಕ ಇಟ್ಟು ನೋಡಿ. ಹಣ ಕೊಟ್ಟರೆ ಹೊಲ ವಾಪಸ್ ಎಂಬ ಷರತ್ತು ಎಲ್ಲಿದೆ? ಕ್ರಯಪತ್ರದ ಒಳಗೇ ಇದೆಯೋ, ಬೇರೆ ಕಾಗದದಲ್ಲಿ ಇದೆಯೋ? ಮುಂದಿನ ದಾರಿಯೆಲ್ಲ ಇದರ ಮೇಲೆ ನಿಂತಿದೆ.

ಷರತ್ತು ಬೇರೆ ಕಾಗದದಲ್ಲಿದ್ದರೆ ಅದು ಮರುಕ್ರಯದ ಕರಾರು ಮಾತ್ರ. ಅದನ್ನು ಅಡಮಾನ ಎಂದು ವಾದಿಸಲು ಬರುವುದಿಲ್ಲ. ಸ್ವತ್ತು ವರ್ಗಾವಣೆ ಕಾಯ್ದೆಯ 58(ಸಿ) ಕಲಮಿಗೆ 1929ರ ತಿದ್ದುಪಡಿಯಲ್ಲಿ ಸೇರಿಸಿದ ಮಾತು ಅದನ್ನು ತಡೆಯುತ್ತದೆ. ಷರತ್ತು ಕ್ರಯಪತ್ರದ ಒಳಗೇ ಇದ್ದರೆ, ಅದು ಹೆಸರಿಗೆ ಕ್ರಯ, ನಿಜದಲ್ಲಿ ಸಾಲಕ್ಕೆ ಕೊಟ್ಟ ಭದ್ರತೆ, ಅಂದರೆ ಷರತ್ತು ಕ್ರಯದ ಅಡಮಾನ ಎಂದು ವಾದಿಸಲು ಅವಕಾಶವಿದೆ. ಒಂದೇ ಪತ್ರದಲ್ಲಿ ಇದ್ದ ಮಾತ್ರಕ್ಕೆ ಅಡಮಾನ ಆಗಿಬಿಡುವುದಿಲ್ಲ, ಉದ್ದೇಶ ಏನಿತ್ತು ಎಂದು ಕೋರ್ಟ್ ನೋಡುತ್ತದೆ. ಸುಪ್ರೀಂ ಕೋರ್ಟ್ 1954ರಲ್ಲಿ ಚುಂಚುನ್ ಝಾ ಪ್ರಕರಣದಲ್ಲಿ ಹಾಕಿಕೊಟ್ಟ ಅಳತೆಗೋಲು ಇಂದಿಗೂ ಬಳಕೆಯಲ್ಲಿದೆ.

ಅಡಮಾನವೆಂದು ತೋರಿಸುವ ಗುರುತುಗಳು ಇವು: ಆ ಕಾಲದ ಸುತ್ತಮುತ್ತಲ ಹೊಲಗಳ ಬೆಲೆಗೆ ಹೋಲಿಸಿದರೆ ಕ್ರಯದ ಹಣ ತೀರಾ ಕಡಿಮೆ ಇರುವುದು, ರಿಜಿಸ್ಟರ್ ಆದ ಮೇಲೂ ಅಪ್ಪನೇ ಉಳುಮೆ ಮಾಡಿರುವುದು, ಕಂದಾಯ ಅಪ್ಪನ ಹೆಸರಲ್ಲೇ ಕಟ್ಟಿರುವುದು, ವರ್ಷಗಟ್ಟಲೆ ಖಾತೆ ಬದಲಾಗದಿರುವುದು, ಬಡ್ಡಿ ಲೆಕ್ಕ ಹಾಕಿದ ಚೀಟಿ ಸಿಗುವುದು.

ಈ ವ್ಯತ್ಯಾಸಕ್ಕೆ ಇಷ್ಟು ಒತ್ತು ಕೊಡಲು ಕಾರಣ ಕಾಲಮಿತಿ. ಅಡಮಾನವಾದರೆ, ಬಿಡಿಸಿಕೊಳ್ಳುವ ಹಕ್ಕು ಹುಟ್ಟಿದ ದಿನದಿಂದ 30 ವರ್ಷ ಸಮಯವಿದೆ. ಹಣ ತೆಗೆದುಕೊಳ್ಳಲು ಎದುರಿನವರು ಒಪ್ಪದಿದ್ದರೆ ಅದೇ ಸ್ವತ್ತು ವರ್ಗಾವಣೆ ಕಾಯ್ದೆಯ 83ನೇ ಕಲಮಿನಡಿ ಕೋರ್ಟಿನಲ್ಲೇ ಕಟ್ಟಬಹುದು. ಅವರು ಹೊಲದ ಸ್ವಾಧೀನದಲ್ಲಿದ್ದರೆ ಬೆಳೆಯ ಆದಾಯದ ಲೆಕ್ಕವನ್ನೂ ಕೇಳಬಹುದು. ಬರಿಯ ಮರುಕ್ರಯದ ಕರಾರಾದರೆ ಈ ಉದಾರತೆ ಇಲ್ಲ.

ಇನ್ನೊಂದು ಸಂಗತಿಯನ್ನೂ ಈ ಹಂತದಲ್ಲೇ ನೋಡಿಕೊಳ್ಳಿ. ಹೊಲವು ಪರಿಶಿಷ್ಟ ಜಾತಿ ಅಥವಾ ಪಂಗಡದ ಕುಟುಂಬಕ್ಕೆ ಸರ್ಕಾರ ಮಂಜೂರು ಮಾಡಿದ ದರಖಾಸ್ತು ಜಮೀನಾಗಿದ್ದರೆ ದಾರಿಯೇ ಬೇರೆ. 1978ರ ಪಿಟಿಸಿಎಲ್ ಕಾಯ್ದೆ (ಇಂಥ ಮಂಜೂರಾತಿ ಜಮೀನಿನ ಪರಭಾರೆ ತಡೆಯುವ ಕಾನೂನು) ಬಂದ ಮೇಲೆ ಸರ್ಕಾರದ ಅನುಮತಿ ಇಲ್ಲದೆ ಅಂಥ ಜಮೀನು ಮಾರಿದ್ದರೆ ಆ ಕ್ರಯವೇ ಅಸಿಂಧು. ವಾರಸುದಾರರು ಉಪವಿಭಾಗಾಧಿಕಾರಿಗೆ ಅರ್ಜಿ ಕೊಡಬೇಕು. ರಾಯಚೂರು, ಬಳ್ಳಾರಿ ಜಿಲ್ಲೆಗಳಲ್ಲಿ ಇಂಥ ಜಮೀನು ಸಾಕಷ್ಟಿರುವುದರಿಂದ ಮಂಜೂರಾತಿ ದಾಖಲೆ ಹುಡುಕದೆ ಮುಂದೆ ಹೋಗಬೇಡಿ.

ಮುದ್ದತಿನ ಲೆಕ್ಕ

ಒಂದು ಉದಾಹರಣೆ. 2022ರ ಮಾರ್ಚ್ 14ರಂದು 3 ಎಕರೆ 20 ಗುಂಟೆ ಕ್ರಯವಾಯಿತು ಎಂದುಕೊಳ್ಳಿ. ಅದೇ ದಿನದ ಕರಾರಿನಲ್ಲಿ "ಐದು ವರ್ಷದೊಳಗೆ 6 ಲಕ್ಷ ರೂಪಾಯಿ ಕೊಟ್ಟರೆ ವಾಪಸ್" ಎಂದಿದೆ. ಐದು ವರ್ಷ ಮುಗಿಯುವುದು 2027ರ ಮಾರ್ಚ್ 14ಕ್ಕೆ. ಅದು ಭಾನುವಾರ. ಹಿಂದಿನ ದಿನ ಎರಡನೇ ಶನಿವಾರ. ಕೋರ್ಟಿಗೆ ರಜೆ ಇದ್ದರೆ ದಾವೆ ಹೂಡಲು ಮರುದಿನದವರೆಗೆ ವಿನಾಯಿತಿ ಸಿಗುತ್ತದೆ, ಆದರೆ ಕರಾರಿನೊಳಗಿನ ಮುದ್ದತಿಗೆ ಆ ವಿನಾಯಿತಿಯನ್ನು ನಂಬಿ ಕೂರಬಾರದು. ಆದ್ದರಿಂದ ಈ ಕುಟುಂಬದ ಪಾಲಿಗೆ ಕೊನೆಯ ದಿನ ಮಾರ್ಚ್ 12, ಶುಕ್ರವಾರ. ನೋಟಿಸು ಅದಕ್ಕೂ ಎರಡು ಮೂರು ತಿಂಗಳು ಮೊದಲೇ ಹೋಗಿರಬೇಕು.

ಸಾಮಾನ್ಯ ಕ್ರಯದ ಕರಾರಿನಲ್ಲಿ ಸಮಯ ಸ್ವಲ್ಪ ಹಿಂದೆ ಮುಂದೆ ಆದರೂ ಕೋರ್ಟ್ ಸಹಿಸುವುದುಂಟು. ಮರುಕ್ರಯದಲ್ಲಿ ಹಾಗಲ್ಲ. ಇದು ಮಾರಿದವರಿಗೆ ಕೊಟ್ಟ ಸವಲತ್ತು, ಹೇಳಿದ ದಿನದೊಳಗೆ ಬಳಸದಿದ್ದರೆ ಮುಗಿಯಿತು ಎಂದು ಸುಪ್ರೀಂ ಕೋರ್ಟ್ ಸಿಮ್ರತ್‌ಮಲ್ ವಿರುದ್ಧ ನಂಜಲಿಂಗಯ್ಯ ಗೌಡರ್ ಪ್ರಕರಣದಲ್ಲಿ ಹೇಳಿದೆ. ಅಪ್ಪ ತೀರಿಕೊಂಡರೆಂದು ಮುದ್ದತು ನಿಲ್ಲುವುದಿಲ್ಲ. ಮಕ್ಕಳು ಚಿಕ್ಕವರಿದ್ದರೂ ನಿಲ್ಲುವುದಿಲ್ಲ. ತಾಯಿ ಅಥವಾ ಪೋಷಕರು ಅವರ ಪರವಾಗಿ ಆ ದಿನದೊಳಗೇ ಹಣ ಮುಂದಿಡಬೇಕು.

ಇದು ಒಂದು ಗಡುವು. ಎರಡನೆಯದು ದಾವೆಯ ಗಡುವು: ಕಾಲಮಿತಿ ಕಾಯ್ದೆಯ 54ನೇ ವಿಧಿಯಂತೆ, ಕರಾರಿನಲ್ಲಿ ಹೇಳಿದ ದಿನದಿಂದ 3 ವರ್ಷ. ಕರಾರಿನಲ್ಲಿ ದಿನವೇ ಇಲ್ಲದಿದ್ದರೆ, ಎದುರಿನವರು "ಕೊಡುವುದಿಲ್ಲ" ಎಂದದ್ದು ನಿಮಗೆ ತಿಳಿದ ದಿನದಿಂದ 3 ವರ್ಷ. ಅನೇಕರು ಎರಡನ್ನೂ ಒಂದೇ ಎಂದುಕೊಳ್ಳುತ್ತಾರೆ. ಐದು ವರ್ಷ ಸುಮ್ಮನಿದ್ದು, ಇನ್ನೂ ಮೂರು ವರ್ಷ ಇದೆಯಲ್ಲ ಎಂದು ಆರನೇ ವರ್ಷ ವಕೀಲರ ಬಳಿ ಬರುತ್ತಾರೆ. ಮುದ್ದತಿನೊಳಗೆ ಹಣ ಮುಂದಿಟ್ಟವರಿಗೆ ಮಾತ್ರ ಆ ಮೂರು ವರ್ಷ ಉಪಯೋಗಕ್ಕೆ ಬರುತ್ತದೆ.

ಕಾಗದ ಕೂಡಿಸುವುದು

ಮೂಲ ಕರಾರು ಪತ್ರ ಕೈಯಲ್ಲಿರಲಿ. ಜೆರಾಕ್ಸ್ ಮಾತ್ರ ಇದ್ದರೆ ಕಷ್ಟ, ಏಕೆಂದರೆ ಮುದ್ರಾಂಕ ಕಡಿಮೆ ಇದ್ದಾಗ ದಂಡ ಕಟ್ಟಿ ಸರಿಪಡಿಸಲು ಬರುವುದು ಮೂಲ ಪತ್ರವನ್ನು ಮಾತ್ರ. ನೋಂದಣಿಯಾಗಿದ್ದರೆ ದೃಢೀಕೃತ ನಕಲು ಉಪನೋಂದಣಿ ಕಚೇರಿಯಲ್ಲಿ ಸಿಗುತ್ತದೆ. ನೋಂದಣಿ ಆಗದ ಕರಾರನ್ನೂ ನಿರ್ದಿಷ್ಟ ಪಾಲನೆಯ ದಾವೆಯಲ್ಲಿ, ಅಂದರೆ ಕರಾರಿನಂತೆ ನಡೆದುಕೊಳ್ಳಲು ಆದೇಶಿಸಿ ಎಂದು ಕೇಳುವ ದಾವೆಯಲ್ಲಿ, ಸಾಕ್ಷ್ಯವಾಗಿ ಹಾಜರುಪಡಿಸಬಹುದು, ನೋಂದಣಿ ಕಾಯ್ದೆಯ 49ನೇ ಕಲಂ ಅದಕ್ಕೆ ಅವಕಾಶ ಕೊಡುತ್ತದೆ. ಆದರೆ ಮುದ್ರಾಂಕದ ಪ್ರಶ್ನೆಯಿಂದ ತಪ್ಪಿಸಿಕೊಳ್ಳಲಾಗುವುದಿಲ್ಲ. ಕರ್ನಾಟಕ ಮುದ್ರಾಂಕ ಕಾಯ್ದೆಯ 34ನೇ ಕಲಮಿನಂತೆ ವಿಚಾರಣಾ ಕೋರ್ಟ್ ಕಡಿಮೆ ಬಿದ್ದ ಶುಲ್ಕದ ಹತ್ತು ಪಟ್ಟು ದಂಡ ಹಾಕಬೇಕಾಗುತ್ತದೆ. ಪತ್ರವನ್ನು ಜಿಲ್ಲಾ ನೋಂದಣಾಧಿಕಾರಿಗೆ ಕಳಿಸಿಕೊಡಿ ಎಂದು ಲಿಖಿತವಾಗಿ ಕೇಳಿಕೊಂಡರೆ, ಅಲ್ಲಿ ದಂಡ ಕಡಿಮೆ ಮಾಡುವ ವಿವೇಚನೆ ಇದೆ. ವಕೀಲರಿಗೆ ಇದನ್ನು ಮೊದಲೇ ನೆನಪಿಸಿ.

ಅಪ್ಪನ ಮರಣ ಪ್ರಮಾಣಪತ್ರ ಮತ್ತು ನಾಡಕಚೇರಿಯಿಂದ ವಂಶವೃಕ್ಷ ಬೇಕು. ವಂಶವೃಕ್ಷದಲ್ಲಿ ತಾಯಿ, ಅಜ್ಜಿ ಬದುಕಿದ್ದರೆ ಅಜ್ಜಿ, ಮದುವೆಯಾಗಿ ಹೋದ ಹೆಣ್ಣುಮಕ್ಕಳು ಎಲ್ಲರೂ ಇರಲಿ. ಅಕ್ಕತಂಗಿಯರನ್ನು ಬಿಟ್ಟು ಗಂಡುಮಕ್ಕಳಷ್ಟೇ ಹೋದರೆ, ಎದುರಿನ ವಕೀಲರು ಎತ್ತುವ ಮೊದಲ ತಕರಾರು ಅದೇ ಆಗಿರುತ್ತದೆ.

ಈಗ ಪಹಣಿ. ಮೂರೂ ಜಿಲ್ಲೆಯವರು ಪಹಣಿಯಲ್ಲಿ ಹೆಸರಷ್ಟೇ ನೋಡಿ ಮಡಚಿಡುತ್ತಾರೆ. ನಾಲ್ಕು ಕಾಲಂ ಓದಬೇಕು. 9ರಲ್ಲಿ ಈಗಿನ ಮಾಲೀಕರ ಹೆಸರು: ಕೊಂಡವರದೋ, ಅವರ ಮಕ್ಕಳದೋ, ಮೂರನೆಯವರದೋ ಎಂಬುದು ತಿಳಿಯುತ್ತದೆ. 10ರಲ್ಲಿ ಆ ಹೆಸರು ಹೇಗೆ ಬಂತು ಎಂಬುದರ ಎಂ.ಆರ್. (ಮ್ಯುಟೇಶನ್ ರಿಜಿಸ್ಟರ್, ಅಂದರೆ ಖಾತೆ ಬದಲಾವಣೆಯ ದಾಖಲೆ) ನಂಬರ್ ಇರುತ್ತದೆ, ಅದನ್ನು ಹಿಡಿದು ಮ್ಯುಟೇಶನ್ ನಕಲು ತೆಗೆಯಿರಿ. 11ರಲ್ಲಿ ಋಣ: ಕೊಂಡವರು ಈ ಹೊಲದ ಮೇಲೆ ಬ್ಯಾಂಕಿನಲ್ಲೋ ಸೊಸೈಟಿಯಲ್ಲೋ ಬೆಳೆಸಾಲ ಎತ್ತಿದ್ದರೆ ಇಲ್ಲಿ ಕಾಣುತ್ತದೆ. 12ರಲ್ಲಿ ಸಾಗುವಳಿ ಮಾಡುವವರು: ಇಲ್ಲಿ ಇನ್ನೂ ಅಪ್ಪನ ಹೆಸರೇ ಇದ್ದರೆ, ಸ್ವಾಧೀನ ನಿಮ್ಮದೇ ಎನ್ನಲು ಅದಕ್ಕಿಂತ ಒಳ್ಳೆಯ ಕಾಗದ ಇನ್ನೊಂದಿಲ್ಲ. ಕ್ರಯದ ದಿನದಿಂದ ಈವರೆಗಿನ ಎಲ್ಲ ವರ್ಷದ ಪಹಣಿ ತೆಗೆಸಿ.

ಋಣಭಾರ ಪತ್ರ, ಅಂದರೆ ಇಸಿ, ಕಾವೇರಿ ತಂತ್ರಾಂಶದಲ್ಲಿ ಆನ್‌ಲೈನ್ ಸಿಗುತ್ತದೆ. 2004ಕ್ಕಿಂತ ಹಳೆಯದಕ್ಕೆ ಉಪನೋಂದಣಿ ಕಚೇರಿಗೆ ಹೋಗಿ ಪುಸ್ತಕದಲ್ಲಿ ಹುಡುಕಿಸಬೇಕು.

ಹಳೆಯ ದಾಖಲೆಗಳಲ್ಲಿ ಜಿಲ್ಲೆಯ ಹೆಸರು ಗೊಂದಲ ಮಾಡುತ್ತದೆ. ಕೊಪ್ಪಳ ಬೇರೆ ಜಿಲ್ಲೆಯಾದದ್ದು 1997ರಲ್ಲಿ, ಅದಕ್ಕೂ ಮುಂಚಿನ ಪತ್ರಗಳಲ್ಲಿ ರಾಯಚೂರು ಜಿಲ್ಲೆ ಎಂದೇ ಇರುತ್ತದೆ. 2021ರಲ್ಲಿ ಬಳ್ಳಾರಿಯಿಂದ ಒಡೆದು ವಿಜಯನಗರ ಜಿಲ್ಲೆಗೆ ಸೇರಿದ ತಾಲೂಕುಗಳದ್ದೂ ಇದೇ ಕಥೆ. ದಾವೆಯಲ್ಲಿ "ಹಿಂದಿನ ರಾಯಚೂರು, ಈಗಿನ ಕೊಪ್ಪಳ ಜಿಲ್ಲೆ" ಎಂದು ಎರಡನ್ನೂ ಬರೆಯಿರಿ. ಸರ್ವೆ ನಂಬರ್ ಪೋಡಿಯಾಗಿ ಒಡೆದಿದ್ದರೆ ಹಳೆಯದನ್ನೂ ಹೊಸ ಹಿಸ್ಸಾ ನಂಬರನ್ನೂ ಕೊಡಿ, ಎಕರೆ–ಗುಂಟೆ ಮತ್ತು ನಾಲ್ಕು ದಿಕ್ಕಿನ ಚೆಕ್ಕುಬಂದಿ ತಾಳೆಯಾಗಬೇಕು. ನಿಜಾಮರ ಕಾಲದ ಉರ್ದು ಕಾಗದ ಇದ್ದರೆ ಭಾಷಾಂತರ ಮಾಡಿಸಿ ಜೊತೆಗಿಡಿ.

ಹಣ ಮುಂದಿಡುವುದು

"ನಾವು ಕೊಡಲು ಸಿದ್ಧರಿದ್ದೆವು" ಎಂದು ಕಟಕಟೆಯಲ್ಲಿ ನಿಂತು ಹೇಳಿದರೆ ಸಾಲದು. ಕರಾರಿನ ದಿನದಿಂದ ತೀರ್ಪಿನ ದಿನದವರೆಗೆ ಸಿದ್ಧತೆಯೂ ಮನಸ್ಸೂ ಎರಡೂ ಇತ್ತೆಂದು ಸಾಬೀತು ಮಾಡಬೇಕು, ನಿರ್ದಿಷ್ಟ ಪರಿಹಾರ ಕಾಯ್ದೆಯ 16(ಸಿ) ಕಲಂ ಕೇಳುವುದು ಅದನ್ನೇ. ನಗದು ಹಿಡಿದು ನಿಂತಿರಬೇಕೆಂದಿಲ್ಲ, ಹಣ ಒದಗಿಸುವ ಶಕ್ತಿ ಇತ್ತೆಂದು ತೋರಿಸಬೇಕು: ಪಾಸ್‌ಬುಕ್, ಠೇವಣಿ ರಸೀದಿ, ಭತ್ತ ಅಥವಾ ಹತ್ತಿ ಮಾರಿದ ಎಪಿಎಂಸಿ ಪಟ್ಟಿ, ಸಾಲ ಮಂಜೂರಾದ ಪತ್ರ.

ವಕೀಲರ ಮೂಲಕ ಕಳಿಸುವ ನೋಟಿಸಿನಲ್ಲಿ ಇವೆಲ್ಲ ಇರಲಿ: ಕ್ರಯಪತ್ರದ ನೋಂದಣಿ ಸಂಖ್ಯೆ, ಕರಾರಿನ ತಾರೀಖು, ಅಪ್ಪ ತೀರಿಕೊಂಡ ದಿನ, ವಾರಸುದಾರರ ಹೆಸರು, ಪೂರ್ತಿ ಹಣ ಸಿದ್ಧವಿದೆ ಎಂಬ ಮಾತು, ಮತ್ತು ಇಂಥ ದಿನ ಇಷ್ಟು ಗಂಟೆಗೆ ಇಂಥ ಉಪನೋಂದಣಿ ಕಚೇರಿಗೆ ಬಂದು ಬರೆದುಕೊಡಿ ಎಂಬ ಕರೆ. ಸ್ವೀಕೃತಿ ಚೀಟಿ ಸಮೇತ ಅಂಚೆಯಲ್ಲಿ ಕಳಿಸಿ. "ಮನೆಯಲ್ಲಿಲ್ಲ", "ತೆಗೆದುಕೊಳ್ಳಲಿಲ್ಲ" ಎಂದು ವಾಪಸ್ ಬಂದ ಲಕೋಟೆಯನ್ನು ಒಡೆಯದೆ ಇಟ್ಟುಕೊಳ್ಳಿ, ಅದು ಹಾಗೇ ಕೋರ್ಟಿಗೆ ಹೋಗಬೇಕು.

ಹೇಳಿದ ದಿನ ನಿಜವಾಗಿಯೂ ಹೋಗಿ. ಕರಡು ಮರುಕ್ರಯ ಪತ್ರ, ಕೊಂಡವರ ಹೆಸರಿನ ಡಿಡಿ, ಮುದ್ರಾಂಕ ಮತ್ತು ನೋಂದಣಿ ಶುಲ್ಕದ ಹಣ, ಇಬ್ಬರು ಸಾಕ್ಷಿಗಳು ಜೊತೆಗಿರಲಿ. ಡಿಡಿಗೆ ಮೂರು ತಿಂಗಳಷ್ಟೇ ಆಯುಸ್ಸು, ಬಹಳ ಮುಂಚೆ ತೆಗೆಸಬೇಡಿ. ಸಂಜೆಯವರೆಗೆ ಕಾದರೂ ಅವರು ಬರದಿದ್ದರೆ, ನಾವು ಹಾಜರಿದ್ದೆವು, ಅವರು ಬರಲಿಲ್ಲ ಎಂದು ಒಂದು ಅರ್ಜಿ ಬರೆದು ಕಚೇರಿಗೆ ಕೊಟ್ಟು ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಮರುದಿನ ಡಿಡಿಯ ನಕಲಿನೊಂದಿಗೆ ಎರಡನೇ ನೋಟಿಸು.

ಇಲ್ಲಿ ಕೆಡುವ ವಿಷಯಗಳೂ ಗೊತ್ತಿರಬೇಕು. "ಅರ್ಧ ಈಗ, ಅರ್ಧ ಸುಗ್ಗಿಗೆ" ಎಂದು ವಾಟ್ಸ್‌ಆ್ಯಪ್‌ನಲ್ಲಿ ಬರೆದರೆ, ಹಣ ಸಿದ್ಧವಿರಲಿಲ್ಲ ಎಂಬುದಕ್ಕೆ ನೀವೇ ಸಾಕ್ಷಿ ಕೊಟ್ಟಂತೆ. ಒಬ್ಬ ಮಗ ತನ್ನ ಪಾಲಿನ ಹಣ ಮಾತ್ರ ಕೊಡಲು ಹೋದರೆ ಆಗುವುದಿಲ್ಲ, ಕರಾರು ಪೂರ್ತಿ ಹೊಲದ್ದು, ಹಣವೂ ಪೂರ್ತಿಯೇ ಬೇಕು. ಅಣ್ಣತಮ್ಮಂದಿರಲ್ಲಿ ಹೊಂದಾಣಿಕೆ ಇಲ್ಲದಿದ್ದರೆ, ಒಬ್ಬರೇ ಎಲ್ಲರ ಪರವಾಗಿ ಪೂರ್ತಿ ಹಣ ಮುಂದಿಟ್ಟು, ಪಾಲಿನ ಲೆಕ್ಕ ಆಮೇಲೆ ಮಾಡಿಕೊಳ್ಳಲಿ. ಊರಿನ ಹಿರಿಯರ ಮುಂದೆ ಪಂಚಾಯ್ತಿ ನಡೆಸುವುದು ಒಳ್ಳೆಯದೇ, ಆದರೆ "ಮುಂದಿನ ಅಮವಾಸ್ಯೆಗೆ ಕೂಡೋಣ" ಎಂದು ತಿಂಗಳುಗಟ್ಟಲೆ ಎಳೆದು ಮುದ್ದತು ದಾಟಿಸುವುದು ಈ ವ್ಯವಹಾರದಲ್ಲಿ ಹಳೆಯ ತಂತ್ರ. ಪಂಚಾಯ್ತಿಯಲ್ಲಿ ಅವಧಿ ವಿಸ್ತರಣೆಗೆ ಒಪ್ಪಿದರೆ ಆ ಕ್ಷಣವೇ ಕೊಂಡವರ ಸಹಿಯೊಂದಿಗೆ ಬರೆಸಿಕೊಳ್ಳಿ. ಬಾಯಿಮಾತಿನ ವಿಸ್ತರಣೆಯನ್ನು ರುಜುವಾತು ಮಾಡುವುದು ಬಹಳ ಕಷ್ಟ.

ಹೊಲ ಮೂರನೆಯವರ ಕೈಗೆ ಹೋಗಿದ್ದರೆ

ತುಂಗಭದ್ರಾ ಅಚ್ಚುಕಟ್ಟಿನ ಗದ್ದೆಗಳಲ್ಲಿ ಇದು ಹೆಚ್ಚು. ಬೆಲೆ ಏರಿದೊಡನೆ ಕೊಂಡವರು ಮತ್ತೊಬ್ಬರಿಗೆ ಮಾರಿಬಿಡುತ್ತಾರೆ. ಕರಾರಿನ ವಿಷಯ ಗೊತ್ತಿಲ್ಲದೆ, ಪೂರ್ತಿ ಹಣ ಕೊಟ್ಟು, ಪ್ರಾಮಾಣಿಕವಾಗಿ ಕೊಂಡವರಿಗೆ ಕಾನೂನಿನ ರಕ್ಷಣೆ ಇದೆ. ಗೊತ್ತಿದ್ದೂ ಕೊಂಡವರಿಗೆ ಇಲ್ಲ. ಕರಾರು ನೋಂದಣಿಯಾಗಿದ್ದರೆ ಇಸಿಯಲ್ಲಿ ಕಾಣುತ್ತದೆ, ಗೊತ್ತಿರಲಿಲ್ಲ ಎನ್ನಲು ದಾರಿಯಿಲ್ಲ. ನೋಂದಣಿ ಆಗಿರದಿದ್ದರೂ ಹೊಲದಲ್ಲಿ ನೀವೇ ಉಳುತ್ತಿದ್ದರೆ, ಕೊಳ್ಳುವವರು ಬಂದು ವಿಚಾರಿಸಬೇಕಿತ್ತು ಎಂದು ವಾದಿಸಬಹುದು.

ಮಾರಾಟದ ಸುದ್ದಿ ಕಿವಿಗೆ ಬಿದ್ದರೆ ಬರಿಯ ತಕರಾರು ಅರ್ಜಿ ಹಿಡಿದು ಉಪನೋಂದಣಿ ಕಚೇರಿಗೆ ಓಡುವುದರಿಂದ ಪ್ರಯೋಜನ ಕಡಿಮೆ. ಕೋರ್ಟ್ ಆದೇಶ ಇಲ್ಲದೆ ಅವರು ನೋಂದಣಿ ನಿಲ್ಲಿಸುವುದಿಲ್ಲ. ದಾವೆ ಹೂಡಿ, ಜೊತೆಗೆ ತಾತ್ಕಾಲಿಕ ಪ್ರತಿಬಂಧಕಾಜ್ಞೆಗೆ ಅರ್ಜಿ ಹಾಕಿ. ದಾವೆ ನಡೆಯುವಾಗ ಕೊಂಡವರು ಯಾರೇ ಆಗಲಿ, ತೀರ್ಪು ಅವರ ಮೇಲೂ ಅನ್ವಯಿಸುತ್ತದೆ.

ಕೈಗಾರಿಕೆಗೋ ರಸ್ತೆಗೋ ಸರ್ಕಾರ ಹೊಲವನ್ನೇ ಸ್ವಾಧೀನ ಮಾಡಿಕೊಂಡಿದ್ದರೆ ವಾಪಸ್ ಬರೆಸಿಕೊಳ್ಳಲು ಏನೂ ಉಳಿದಿರುವುದಿಲ್ಲ. ಆಗ ನಷ್ಟಪರಿಹಾರದ ದಾರಿ.

ದಾವೆ

ಹೊಲ ಇರುವ ತಾಲೂಕಿನ ಸಿವಿಲ್ ಕೋರ್ಟಿನಲ್ಲಿ ದಾವೆ. ಕೋರ್ಟ್ ಶುಲ್ಕ ಲೆಕ್ಕವಾಗುವುದು ಕರಾರಿನಲ್ಲಿರುವ ಮರುಕ್ರಯದ ಹಣದ ಮೇಲೆ, ಇಂದಿನ ಮಾರುಕಟ್ಟೆ ಬೆಲೆಯ ಮೇಲಲ್ಲ. ಸಹಿ ಹಾಕಲು ಒಪ್ಪದ ವಾರಸುದಾರರನ್ನು ಪ್ರತಿವಾದಿಗಳನ್ನಾಗಿ ಸೇರಿಸಿ, ಬಿಟ್ಟುಬಿಡಬೇಡಿ. ಕೊಂಡವರು ತೀರಿಕೊಂಡಿದ್ದರೆ ಅವರ ಹೆಂಡತಿ, ಹೆಣ್ಣುಮಕ್ಕಳೂ ಸೇರಿ ಎಲ್ಲರೂ ಪ್ರತಿವಾದಿಗಳಾಗಬೇಕು. ಮೂರನೆಯವರು ಕೊಂಡಿದ್ದರೆ ಅವರೂ.

ಏನೇನು ಬೇಕು ಎಂದು ಕೇಳುವಲ್ಲಿ ಜಿಪುಣತನ ಬೇಡ. ಮರುಕ್ರಯ ಪತ್ರ ಬರೆದುಕೊಡಬೇಕು ಎಂದಷ್ಟೇ ಕೇಳಿ ನಿಲ್ಲಿಸಿದರೆ, ಸ್ವಾಧೀನಕ್ಕಾಗಿ ಮತ್ತೆ ಅಲೆಯಬೇಕಾಗುತ್ತದೆ. ಸ್ವಾಧೀನವನ್ನೂ ಕೇಳಿ. ಪರ್ಯಾಯವಾಗಿ ನಷ್ಟಪರಿಹಾರವನ್ನೂ ಕೇಳಿ, ಏಕೆಂದರೆ ನಿರ್ದಿಷ್ಟ ಪರಿಹಾರ ಕಾಯ್ದೆಯ 21ನೇ ಕಲಮಿನಂತೆ ದಾವೆಯಲ್ಲಿ ಕೇಳದ ಪರಿಹಾರವನ್ನು ಕೋರ್ಟ್ ಕೊಡುವುದಿಲ್ಲ. ಬೆಲೆ ಹತ್ತು ಪಟ್ಟು ಏರಿದೆ ಎಂದು ಎದುರಿನವರು ಹೇಳುವುದು ಖಂಡಿತ. ಅದೊಂದೇ ಕಾರಣಕ್ಕೆ ಕರಾರು ಬಿದ್ದುಹೋಗುವುದಿಲ್ಲ. ನಿರ್ದಿಷ್ಟ ಪಾಲನೆ ಕೊಡುವುದು ಬಿಡುವುದು ಕೋರ್ಟಿನ ವಿವೇಚನೆ ಎಂದಿದ್ದ ಕಾನೂನು 2018ರ ಅಕ್ಟೋಬರ್ 1ರಿಂದ ಬದಲಾಗಿ ಕರಾರು ಜಾರಿ ಮಾಡಿಸಲು ಕೇಳುವವರ ಕಡೆಗೆ ಹೆಚ್ಚು ವಾಲಿದೆ.

ಹೆಣ್ಣುಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ. ದಾವೆ ನಡೆಯುವಾಗ ರಾಜಿ ಕುದುರಿದರೆ ಲೋಕ ಅದಾಲತ್‌ನಲ್ಲಿ ಮುಗಿಸಿ, ಕಟ್ಟಿದ ಕೋರ್ಟ್ ಶುಲ್ಕ ವಾಪಸ್ ಬರುತ್ತದೆ. ಮೇಲ್ಮನವಿ ಹೈಕೋರ್ಟಿಗೆ ಹೋದರೆ ಬಳ್ಳಾರಿ, ಕೊಪ್ಪಳದವರಿಗೆ ಧಾರವಾಡ ಪೀಠ, ರಾಯಚೂರಿನವರಿಗೆ ಕಲಬುರಗಿ ಪೀಠ.

ಡಿಕ್ರಿ ಆದ ಮೇಲೆ

ಗೆದ್ದ ಸಂಭ್ರಮದಲ್ಲಿ ಮರೆಯುವುದು ಇದನ್ನೇ: ಡಿಕ್ರಿಯಲ್ಲಿ ಹಣ ಕಟ್ಟಲು ಒಂದು ಗಡುವು ಇರುತ್ತದೆ. ಅದರೊಳಗೆ ಕಟ್ಟದಿದ್ದರೆ ನಿರ್ದಿಷ್ಟ ಪರಿಹಾರ ಕಾಯ್ದೆಯ 28ನೇ ಕಲಮಿನಡಿ ಕರಾರನ್ನೇ ರದ್ದು ಮಾಡಿ ಎಂದು ಎದುರಿನವರು ಅರ್ಜಿ ಹಾಕಬಹುದು. ಅವರು ಮೇಲ್ಮನವಿಗೆ ಹೋಗಿದ್ದಾರೆ, ಕಾದು ನೋಡೋಣ ಎನ್ನಬೇಡಿ. ತಡೆಯಾಜ್ಞೆ ಇಲ್ಲದಿದ್ದರೆ ಕೋರ್ಟಿನಲ್ಲಿ ಹಣ ಕಟ್ಟಿ ರಸೀದಿ ಇಟ್ಟುಕೊಳ್ಳಿ. ಆಮೇಲೂ ಅವರು ಸಹಿ ಹಾಕದಿದ್ದರೆ ಅಮಲ್ಜಾರಿ ಅರ್ಜಿ (ಡಿಕ್ರಿ ಜಾರಿ ಮಾಡಿಸಿ ಎಂಬ ಅರ್ಜಿ) ಹಾಕಿ, ಅವರ ಪರವಾಗಿ ಕೋರ್ಟೇ ಪತ್ರ ಬರೆದುಕೊಡುತ್ತದೆ.

ನೋಂದಣಿ ಖರ್ಚಿಗೆ ಮೊದಲೇ ಹಣ ಎತ್ತಿಡಿ. ಮರುಕ್ರಯವೂ ಕ್ರಯವೇ. ಮುದ್ರಾಂಕ ಶುಲ್ಕ ನೀವು ಕೊಡುವ (ಮೇಲಿನ ಉದಾಹರಣೆಯಲ್ಲಿ) 6 ಲಕ್ಷದ ಮೇಲಲ್ಲ, ಸರ್ಕಾರದ ಮಾರ್ಗಸೂಚಿ ಬೆಲೆ ಅದಕ್ಕಿಂತ ಹೆಚ್ಚಿದ್ದರೆ ಆ ಬೆಲೆಯ ಮೇಲೆ ಬೀಳುತ್ತದೆ: ಮೂಲ ಶುಲ್ಕ ಶೇ. 5, ಅದರ ಮೇಲೆ ಸೆಸ್ ಮತ್ತು ಸರ್‌ಚಾರ್ಜ್. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 2 ಆಗಿದೆ. ಅಡಮಾನ ಬಿಡುಗಡೆಯಾಗಿದ್ದರೆ ಲೆಕ್ಕ ಬೇರೆ. ಊರೊಳಗಿನ ಮನೆ ಅಥವಾ ಜಾಗವಾದರೆ ಇ-ಸ್ವತ್ತು ಇಲ್ಲದೆ ನೋಂದಣಿ ಮುಂದೆ ಹೋಗುವುದಿಲ್ಲ.

ಪಹಣಿಯ 11ನೇ ಕಾಲಂನಲ್ಲಿ ಕೊಂಡವರ ಬೆಳೆಸಾಲ ಕಂಡಿದ್ದರೆ, ರಾಜಿಯಲ್ಲಿ ಮುಗಿಯುವಾಗ ಆ ಬಾಕಿಯಷ್ಟು ಹಣವನ್ನು ನೇರ ಬ್ಯಾಂಕಿಗೆ ಕಟ್ಟಿ, ಉಳಿದದ್ದನ್ನು ಅವರಿಗೆ ಕೊಡುವಂತೆ ಬರೆಸಿ. ಬಾಕಿ ಇಲ್ಲ ಎಂಬ ಪತ್ರ ನೋಂದಣಿಯ ದಿನವೇ ಕೈಗೆ ಬರಬೇಕು. ನೋಂದಣಿಯ ನಂತರ ಜೆ-ಸ್ಲಿಪ್ (ಖಾತೆ ಬದಲಾವಣೆಗೆ ಕಳಿಸುವ ನೋಂದಣಿ ಮಾಹಿತಿ) ಭೂಮಿ ಕೇಂದ್ರಕ್ಕೆ ತಾನಾಗಿ ಹೋಗುತ್ತದೆ, ಆದರೂ ಮ್ಯುಟೇಶನ್ ಆಯಿತೇ ಎಂದು ನೀವೇ ವಿಚಾರಿಸಿ. ಹೊಸ ಪಹಣಿ ತೆಗೆದಾಗ 9ನೇ ಕಾಲಂನಲ್ಲಿ ಎಲ್ಲ ವಾರಸುದಾರರ ಹೆಸರು ಬಂದಿರಬೇಕು, 11ನೇ ಕಾಲಂನಲ್ಲಿ ಹಳೆಯ ಸಾಲ ತೆಗೆದುಹಾಕಿರಬೇಕು.